ಅಡ್ಡಿ, ಆತಂಕ ಮತ್ತು ಅಮ್ಮನ ‘ಒಂಥರಾ’

ಇದು ನನ್ನದೇ ಒಂದು ಅನುವಾದದ ವಿಮರ್ಶೆ. ಕೃತಿ ದೊಡ್ಡದೇನಲ್ಲ, ಮೂರು ಮಡಿಕೆಯ ಒಂದು ಕರಪತ್ರ. ಕರಡು ತಿದ್ದುವುದು, ಅನುವಾದ ಮಾಡುವುದು ನನ್ನ ಹೊಟ್ಟೆಪಾಡು. ಪರಿಚಯದ ವೈದ್ಯರೊಬ್ಬರು ಇಂಗ್ಲಿಷಿನಲ್ಲಿ ಬರೆದುಕೊಟ್ಟದ್ದನ್ನು ಒಂದು ಮಧ್ಯಾಹ್ನ ಕೂತು ಕನ್ನಡಕ್ಕೆ ತಂದೆ. ‘ಆಂಗ್ಸೈಟಿ’ ಇದ್ದಲ್ಲೆಲ್ಲ ‘ಆತಂಕ’ ಎಂದು ಹಾಕಿದೆ. ಎರಡನೇ ಸಲ ಯೋಚಿಸಲಿಲ್ಲ. ನಿಘಂಟು, ಪತ್ರಿಕೆ, ಆರೋಗ್ಯ ಅಂಕಣ ಎಲ್ಲವೂ ಅದನ್ನೇ ಹೇಳುತ್ತವೆ. ಕರಪತ್ರದ ಮೊದಲ ಪ್ರಶ್ನೆ ಹೀಗಿತ್ತು: ‘ನಿಮಗೆ ಅತಿಯಾದ ಆತಂಕ ಇದೆಯೇ?’

ಅಚ್ಚಾದ ಮೇಲೆ ಒಂದು ಪ್ರತಿಯನ್ನು ತರೀಕೆರೆಗೆ ಒಯ್ದು ಅಮ್ಮನ ಕೈಗೆ ಕೊಟ್ಟೆ. ಕೊಟ್ಟದ್ದರ ಹಿಂದೆ ಉದ್ದೇಶವಿತ್ತು. ಅವಳು ಕನ್ನಡಕ ಹಾಕಿಕೊಂಡು ಪೂರ್ತಿ ಓದಿದಳು. ‘ಚೆನ್ನಾಗಿ ಬರ್ದಿದೀಯ’ ಎಂದು ಮಡಿಸಿ ಟೀವಿ ಮೇಲಿಟ್ಟಳು.

‘ನಿನಗೆ ಹಿಂಗೆ ಆಗುತ್ತಲ್ವೇನಮ್ಮ?’ ಎಂದೆ.

‘ನಂಗ್ಯಾವ ಆತಂಕ? ಮಕ್ಕಳು ಒಂದು ದಾರಿಗೆ ಬಂದಿದೀರ. ಸಾಲ ಇಲ್ಲ. ತೋಟಕ್ಕೆ ನೀರಿದೆ.’

ಅದೇ ಸಂಜೆ ಪಕ್ಕದ ಬೀದಿಯ ಗೃಹಪ್ರವೇಶದ ಊಟಕ್ಕೆ ಅವಳು ಹೊರಡಲಿಲ್ಲ. ಸೀರೆ ಉಟ್ಟಿದ್ದವಳು ಬಾಗಿಲವರೆಗೆ ಬಂದು ವಾಪಸಾದಳು. ‘ನೀನು ಹೋಗಿ ಬಾ. ನಂಗೆ ಒಂಥರಾ ಆಗುತ್ತೆ ಕಣೇ’ ಎಂದಳು. ಆ ‘ಒಂಥರಾ’ಕ್ಕೆ ಆಗ ಆರು ವರ್ಷ. ಎದೆ ಡವಡವ, ಅಂಗೈ ಬೆವರು, ಉಸಿರು ಸಾಲದು, ರಾತ್ರಿ ಮೂರಕ್ಕೆ ಎಚ್ಚರ. ಇಸಿಜಿ ಆಗಿತ್ತು, ರಕ್ತ ಪರೀಕ್ಷೆ ಆಗಿತ್ತು, ಗ್ಯಾಸ್ ಮಾತ್ರೆಗಳ ಹಾಳೆಗಳು ಡಬ್ಬಿ ತುಂಬ ಇದ್ದವು. ಹೋದಲ್ಲೆಲ್ಲ ‘ಏನೂ ಇಲ್ಲ’ ಎಂದೇ ಹೇಳಿ ಕಳಿಸಿದ್ದರು. ಈಗ ನನ್ನ ಕರಪತ್ರ ಕೇಳಿದ ಪ್ರಶ್ನೆಗೆ ಅವಳೂ ‘ಏನೂ ಇಲ್ಲ’ ಎಂದಳು. ಸುಳ್ಳು ಹೇಳಿದಳೆಂದು ನನಗನ್ನಿಸಲಿಲ್ಲ. ಪ್ರಶ್ನೆಯೇ ಅವಳದಾಗಿರಲಿಲ್ಲ.

ಎಲ್ಲಿ ತಪ್ಪಿದೆ ಎಂದು ಹುಡುಕುತ್ತ ಹೋದೆ. ಮೊದಲು ಸಿಕ್ಕಿದ್ದು ದಿನಪತ್ರಿಕೆ. ನಮ್ಮ ತಾಲ್ಲೂಕಿನ ಪುಟದಲ್ಲಿ ಈ ಪದವಿಲ್ಲದ ವಾರವಿಲ್ಲ. ಲಕ್ಕವಳ್ಳಿ ಕಡೆ ಕಾಡಾನೆ ಕಂಡರೆ ಗ್ರಾಮಸ್ಥರಲ್ಲಿ ಆತಂಕ. ಅಡಿಕೆಗೆ ಎಲೆಚುಕ್ಕಿ ರೋಗ ಬಂದರೆ ಬೆಳೆಗಾರರಲ್ಲಿ ಆತಂಕ. ಮಳೆ ಬಾರದಿದ್ದರೂ ಆತಂಕ, ಬಿಡದೆ ಸುರಿದರೂ ಆತಂಕ. ಶಾಸಕರು ಆತಂಕ ‘ವ್ಯಕ್ತಪಡಿಸುತ್ತಾರೆ’, ಸಾಹಿತಿಗಳು ಅದನ್ನು ‘ಹೊರಹಾಕುತ್ತಾರೆ’. ಈ ಬಳಕೆಗಳಲ್ಲೆಲ್ಲ ಒಂದು ಸಮಾನ ಗುಣವಿದೆ. ಆತಂಕಕ್ಕೆ ಯಾವಾಗಲೂ ಒಂದು ಕಾರಣ ಅಂಟಿಕೊಂಡಿರುತ್ತದೆ. ಆನೆಯ ಆತಂಕ, ಬೆಲೆಯ ಆತಂಕ, ನೀರಿನ ಆತಂಕ. ಬರೀ ಆತಂಕ ಎಂಬುದು ಸುದ್ದಿಯಾಗದು. ಹಾಗಾಗಿ ‘ನಿಮಗೆ ಆತಂಕ ಇದೆಯೇ?’ ಎಂದು ಕೇಳಿದ ಕೂಡಲೇ ಕನ್ನಡದ ಕಿವಿ ‘ಯಾವುದರದು?’ ಎಂದು ಕಾರಣ ಹುಡುಕಲು ತೊಡಗುತ್ತದೆ. ಅಮ್ಮ ಮಾಡಿದ್ದೂ ಅದನ್ನೇ. ಮಕ್ಕಳು, ಸಾಲ, ತೋಟ ಎಂದು ಬೆರಳು ಮಡಚಿ ಲೆಕ್ಕ ಹಾಕಿದಳು. ಕಾರಣ ಸಿಗಲಿಲ್ಲ. ಕಾರಣ ಇಲ್ಲದ ಮೇಲೆ ಆತಂಕವೂ ಇಲ್ಲ ಎಂದಳು. ತರ್ಕ ಸರಿಯಾಗಿಯೇ ಇದೆ. ಅವಳ ಕಾಯಿಲೆ ಆ ತರ್ಕಕ್ಕೆ ಸಿಕ್ಕುವಂಥದ್ದಲ್ಲ, ಅಷ್ಟೆ.

ಈ ಪದದ ಅಲೆದಾಟ ದೊಡ್ಡದು. ಚರಕಸಂಹಿತೆಯ ನಿದಾನಸ್ಥಾನದ ಮೊದಲ ಅಧ್ಯಾಯದಲ್ಲಿ ರೋಗಕ್ಕಿರುವ ಪರ್ಯಾಯ ಹೆಸರುಗಳ ಪಟ್ಟಿಯೊಂದಿದೆ. ವ್ಯಾಧಿ, ಆಮಯ, ಗದ, ಜ್ವರ ಇವುಗಳ ಸಾಲಿನಲ್ಲಿ ಆತಂಕವೂ ನಿಂತಿದೆ. ಅಲ್ಲಿ ಆತಂಕವೆಂದರೆ ಯಾವ ರೋಗವಾದರೂ ಸರಿ. ಅಮರಕೋಶಕ್ಕೆ ಬರುವಾಗ ಅದಕ್ಕೆ ಮೂರು ಅರ್ಥ: ರೋಗ, ತಾಪ, ಶಂಕೆ. ಹಿಂದಿಗೆ ಹೋದ ಆತಂಕ ಊರನ್ನೇ ನಡುಗಿಸುವ ಭೀತಿಯಾಯಿತು. ನಾವು ಭಯೋತ್ಪಾದಕ ಎನ್ನುವವನನ್ನು ಅವರು ಆತಂಕವಾದಿ ಎನ್ನುತ್ತಾರೆ. ಕನ್ನಡದ ಕಿವಿಯಿಂದ ಕೇಳಿದರೆ ಅದು ಸದಾ ಚಿಂತೆ ಮಾಡಬೇಕೆಂದು ವಾದಿಸುವವನ ಹೆಸರು. ಆ ಲೆಕ್ಕದಲ್ಲಿ ನಮ್ಮ ಪ್ರತಿ ಮನೆಯಲ್ಲೂ ಒಬ್ಬರಾದರೂ ಇದ್ದಾರೆ.

ಕನ್ನಡದಲ್ಲಿ ಇದಕ್ಕೆ ಇನ್ನೊಂದು ಅರ್ಥ ಬೆಳೆಯಿತು, ನನಗೆ ಮುಖ್ಯವಾದದ್ದು ಅದು. ಅಪ್ಪನ ಟ್ರಂಕಿನಲ್ಲಿ ತೋಟದ ಕ್ರಯಪತ್ರವಿದೆ. ‘ಯಾರ ಅಡ್ಡಿ ಆತಂಕವೂ ಇಲ್ಲದೆ’ ಅನುಭವಿಸಿಕೊಂಡು ಬರತಕ್ಕದ್ದು ಎಂದು ಅದರಲ್ಲಿ ಬರೆದಿದೆ. ಮದುವೆ ನಿರಾತಂಕವಾಗಿ ನಡೆಯಿತು ಎನ್ನುತ್ತೇವೆ. ಯಾರೂ ಹೆದರಲಿಲ್ಲ ಎಂಬುದು ಅದರ ಅರ್ಥವಲ್ಲ, ನಡುವೆ ತಡೆ ಬರಲಿಲ್ಲ ಎಂದು. ಹಳಬರ ಬಾಯಲ್ಲಿ ಆತಂಕವೆಂದರೆ ದಾರಿಗೆ ಅಡ್ಡ ನಿಂತದ್ದು. ಮನಸ್ಸಿನೊಳಗೆ ಇಲ್ಲದೆಯೂ ಆತಂಕ ಇರಬಹುದಾಗಿತ್ತು.

ಪಶ್ಚಿಮದ ಪದದ ಕಥೆಯೂ ಬಹಳ ಬೇರೆಯಲ್ಲ. ಇಂಗ್ಲಿಷಿನ ಆಂಗ್ಸೈಟಿಯ ಬೇರು ಲ್ಯಾಟಿನ್ನಿನ ಒಂದು ಕ್ರಿಯಾಪದ, ಹಿಸುಕು, ಕುತ್ತಿಗೆ ಬಿಗಿ ಎಂದು ಅದರರ್ಥ. ಅದೂ ಮೈಯಿಂದ ಹುಟ್ಟಿದ ಮಾತು. 1895ರಲ್ಲಿ ಫ್ರಾಯ್ಡ್ ಆತಂಕದ ಬೇನೆಯನ್ನು ನರದೌರ್ಬಲ್ಯದಿಂದ ಬೇರ್ಪಡಿಸಿ ಬರೆದ. 1980ರಲ್ಲಿ ಅಮೆರಿಕದ ಮನೋವೈದ್ಯರ ಕೈಪಿಡಿಯ ಮೂರನೇ ಆವೃತ್ತಿ ಅದನ್ನು ಮತ್ತೆ ಸೀಳಿತು: ಹಠಾತ್ತನೆ ಎರಗುವ ದಿಗಿಲು ಒಂದು ಕಡೆ, ದಿನವೂ ಸುಡುವ ಸಾಮಾನ್ಯೀಕೃತ ಆತಂಕ ಇನ್ನೊಂದು ಕಡೆ. ಎರಡನೆಯದಕ್ಕೆ ಇಂದು ವೈದ್ಯರು ಇಟ್ಟುಕೊಂಡಿರುವ ಅಳತೆ ಸ್ಥೂಲವಾಗಿ ಇದು: ಹತೋಟಿಗೆ ಸಿಗದ ಚಿಂತೆ ಕನಿಷ್ಠ ಆರು ತಿಂಗಳು, ಹೆಚ್ಚಿನ ದಿನಗಳಲ್ಲಿ ಇರಬೇಕು, ಜೊತೆಗೆ ಮೈಯ ಲಕ್ಷಣಗಳಿರಬೇಕು, ಅದು ತೀವ್ರ ಸಂಕಟ ಕೊಡಬೇಕು ಅಥವಾ ಬದುಕಿಗೆ ಅಡ್ಡಿಯಾಗಿರಬೇಕು. ಅಡ್ಡಿ ಎಂಬ ಆ ಪದದ ಹತ್ತಿರ ನಾನು ಬಹಳ ಹೊತ್ತು ನಿಂತೆ.

ಅದಕ್ಕೂ ಮೊದಲು, ಕಾರಣ ಕೇಳುವ ನಮ್ಮ ಅಭ್ಯಾಸದ ಬಗ್ಗೆ ಹೇಳಬೇಕು. ತರೀಕೆರೆಗೆ ಸಮೀಪದಲ್ಲೇ ಅಮೃತಾಪುರವಿದೆ. ಇಮ್ಮಡಿ ವೀರಬಲ್ಲಾಳನ ಕಾಲದಲ್ಲಿ ಅಮೃತೇಶ್ವರ ದಂಡನಾಯಕ 1196ರಲ್ಲಿ ಕಟ್ಟಿಸಿದ ದೇವಾಲಯ ಅಲ್ಲಿದೆ. ಅಲ್ಲಿನ ಶಾಸನದ ಕವಿ ಜನ್ನ. ಮುಂದೆ ‘ಯಶೋಧರ ಚರಿತೆ’ ಬರೆದವನೂ ಅವನೇ. ಆ ಕಾವ್ಯದ ಯಶೋಧರ ತನ್ನ ರಾಣಿ ಮಾವಟಿಗನಿಗೆ ಒಲಿದದ್ದನ್ನು ಕಣ್ಣಾರೆ ಕಾಣುತ್ತಾನೆ. ತಾಯಿಯ ಮುಂದೆ ಅದನ್ನು ಆಡಲಾರ. ಬದಲಿಗೆ ಒಂದು ಕೆಟ್ಟ ಕನಸು ಕಂಡೆ ಎನ್ನುತ್ತಾನೆ. ತಾಯಿ ಚಂದ್ರಮತಿ ಕನಸಿಗೆ ತಕ್ಕ ಪರಿಹಾರ ಹೇಳುತ್ತಾಳೆ: ದೇವಿಗೆ ಬಲಿ. ಜೀವ ತೆಗೆಯಲು ಮಗ ಒಪ್ಪದಿದ್ದಾಗ ಹಿಟ್ಟಿನ ಕೋಳಿಗೆ ರಾಜಿಯಾಗುತ್ತದೆ. ಕೊನೆಗೆ ಆ ಸಂಕಲ್ಪಹಿಂಸೆ ತಾಯಿ ಮಗ ಇಬ್ಬರನ್ನೂ ಜನ್ಮಜನ್ಮಾಂತರ ಅಲೆಸುತ್ತದೆ.

ಈ ಕಾವ್ಯವನ್ನು ನಾವು ಅಹಿಂಸೆಯ ಕಥೆಯಾಗಿ ಓದುತ್ತೇವೆ, ಆ ಓದು ಸರಿ. ಯಶೋಧರನದು ಕಾಯಿಲೆಯೂ ಅಲ್ಲ, ಅವನ ಸಂಕಟಕ್ಕೆ ಕಾರಣ ಬೆಳಕಿನಷ್ಟು ಸ್ಪಷ್ಟ. ಆದರೂ ಅಮ್ಮನ ಮನೆಯಿಂದ ನೋಡಿದರೆ ನನಗೆ ಇನ್ನೊಂದು ಕಾಣುತ್ತದೆ. ಹೇಳಲಾಗದ್ದು ಎದೆಯಲ್ಲಿದ್ದಾಗ, ಎದುರಿನವರು ಒಪ್ಪುವಂಥ ಒಂದು ಕಾರಣವನ್ನು ಮನುಷ್ಯ ಒದಗಿಸಿಬಿಡುತ್ತಾನೆ. ಆಮೇಲೆ ಆ ಕಾರಣಕ್ಕೆ ಚಿಕಿತ್ಸೆ ನಡೆಯುತ್ತದೆ. ಅಮ್ಮನ ಹಿಟ್ಟಿನ ಕೋಳಿ ಗ್ಯಾಸ್. ನಮ್ಮ ಬೀದಿಯಲ್ಲಿ ಕೆಲವರದು ಬಿಪಿ, ಕೆಲವರದು ದೃಷ್ಟಿ, ಮಾಟ, ಇನ್ನು ಕೆಲವರದು ಸೊಸೆ. ಕೋಳಿ ಕೂಗುತ್ತಲೇ ಇರುತ್ತದೆ, ಬೇನೆ ಇದ್ದಲ್ಲೇ ಇರುತ್ತದೆ.

ಕಾರಣ ಸಿಕ್ಕ ಮೇಲೆ ನಾವು ಮಾಡುವ ಎರಡನೇ ಕೆಲಸ ಸಮಾಧಾನ ಹೇಳುವುದು. ಕನಕದಾಸರ ಹೆಸರಾಂತ ಕೀರ್ತನೆಯೊಂದು ಮನಸ್ಸನ್ನೇ ಎದುರು ಕೂರಿಸಿಕೊಂಡು, ತಲ್ಲಣಿಸಬೇಡ, ತಾಳಿಕೋ ಎನ್ನುತ್ತದೆ. ಬೆಟ್ಟದ ಮರ, ಅಡವಿಯ ಪ್ರಾಣಿ, ಕಲ್ಲೊಳಗಿನ ಕಪ್ಪೆ ಇವನ್ನೆಲ್ಲ ಸಾಕುವವನು ನಿನ್ನನ್ನು ಬಿಡುವನೇ ಎಂಬುದು ಅದರ ಸಾಂತ್ವನ. ಅಮ್ಮನಿಗೆ ಅದು ಬಾಯಿಪಾಠ. ಅಪ್ಪ ತೀರಿಕೊಂಡ ವರ್ಷ, ಮನೆ ನಡೆಯುವುದು ಹೇಗೆ ಎಂದು ಗೊತ್ತಿಲ್ಲದ ದಿನಗಳಲ್ಲಿ, ಆ ಹಾಡು ಅವಳನ್ನು ನಿಜವಾಗಿಯೂ ಕಾಪಾಡಿತು. ಆ ತಲ್ಲಣಕ್ಕೆ ನಾಳಿನ ಅನ್ನವೆಂಬ ಕಾರಣವಿತ್ತು, ಆದ್ದರಿಂದ ಉತ್ತರವೂ ತಾಕಿತು. ಈಗಿನದಕ್ಕೆ ತಾಕುತ್ತಿಲ್ಲ. ಹಾಡಿ ಮುಗಿಸಿದ ಮೇಲೂ ಎದೆ ಹೊಡೆದುಕೊಳ್ಳುತ್ತದೆ. ಆಗ ತನ್ನ ಭಕ್ತಿಯಲ್ಲೇ ಕೊರತೆಯಿದೆ ಎಂಬ ಹೊಸ ನೋವು ಸೇರುತ್ತದೆ. ಇದರಲ್ಲಿ ಕನಕರ ತಪ್ಪೇನಿದೆ? ಚಿಂತೆಗೆ ಕೊಡುವ ಔಷಧವನ್ನು ಬೇನೆಗೆ ಕೊಟ್ಟು, ಗುಣವಾಗದಿದ್ದರೆ ರೋಗಿಯನ್ನೇ ಅನುಮಾನಿಸುವವರು ನಾವು. ಇನ್ನು ಆ ತಲ್ಲಣವನ್ನು ನಮ್ಮ ಸಾಹಿತ್ಯ ವಿಮರ್ಶೆ ಎಷ್ಟು ಸವೆಸಿದೆಯೆಂದರೆ, ಆಧುನಿಕತೆಯ ತಲ್ಲಣ, ಜಾಗತೀಕರಣದ ತಲ್ಲಣ ಎಂದು ಓದುವಾಗ ಯಾರ ಎದೆಯೂ ಒಂದು ಬಡಿತ ತಪ್ಪುವುದಿಲ್ಲ.

ಹಾಗಾದರೆ ಆತಂಕವನ್ನು ಕೈಬಿಟ್ಟು ಬೇರೆ ಪದ ಹುಡುಕಬೇಕೆ? ಕೆಲವು ದಿನ ನಾನೂ ಹಾಗೇ ಅಂದುಕೊಂಡೆ. ಕನ್ನಡದಲ್ಲಿ ಇದಕ್ಕೆ ಪದಗಳ ಬಡತನವಿಲ್ಲ. ಕಳವಳ, ತಳಮಳ, ಚಡಪಡಿಕೆ, ದಿಗಿಲು, ಅಳುಕು, ದುಗುಡ. ಡವಡವ, ಗಡಗಡ, ತರತರ. ಇವುಗಳಲ್ಲಿ ಎಷ್ಟೋ ಪದಗಳು ಮೈಯಿಂದಲೇ ಎದ್ದ ಸದ್ದುಗಳು, ಅವು ಕಾರಣ ಕೇಳುವುದಿಲ್ಲ. ‘ಯಾಕೋ ತಳಮಳ’ ಎಂದರೆ ಯಾರೂ ಸಾಕ್ಷಿ ಬೇಡುವುದಿಲ್ಲ, ಆ ‘ಯಾಕೋ’ದಲ್ಲೇ ಕಾರಣ ಗೊತ್ತಿಲ್ಲವೆಂಬ ಒಪ್ಪಿಗೆ ಇದೆ. ಎಲ್ಲಕ್ಕಿಂತ ನಿಖರವಾದದ್ದು ಅಮ್ಮನ ‘ಒಂಥರಾ’. ಹೋಲಿಕೆಗೆ ಏನನ್ನೂ ಹೆಸರಿಸದ ಹೋಲಿಕೆ ಅದು. ಅದನ್ನು ಕೇಳಿದ ಕೂಡಲೇ ‘ಒಂಥರಾ ಅಂದ್ರೆ ಎಂಥರಾ?’ ಎಂದು ನಗುವವರಿದ್ದಾರೆ. ನಾನೂ ನಕ್ಕಿದ್ದೆ.

ಆದರೆ ಆತಂಕವನ್ನು ಬಿಡಲು ಒಂದು ಕಾರಣಕ್ಕೆ ಹಿಂಜರಿದೆ. ಅಮ್ಮನ ತಲೆಮಾರು ತ್ರಿವೇಣಿಯವರನ್ನು ಓದಿದ, 1971ರಲ್ಲಿ ಪುಟ್ಟಣ್ಣ ಕಣಗಾಲರ ‘ಶರಪಂಜರ’ ನೋಡಿ ಅತ್ತ ತಲೆಮಾರು. ಆಸ್ಪತ್ರೆಯಿಂದ ಗುಣವಾಗಿ ಬಂದ ಕಾವೇರಿಯನ್ನು ಮನೆಯವರ, ನೆರೆಯವರ ಕಣ್ಣುಗಳೇ ಮತ್ತೆ ಕಾಯಿಲೆಗೆ ದೂಡುವುದನ್ನು ಅವರು ಕಂಡಿದ್ದಾರೆ. ‘ಮಾನಸಿಕ’ ಎಂದ ಕೂಡಲೇ ಅವರಿಗೆ ಆ ಕಣ್ಣುಗಳು ನೆನಪಾಗುತ್ತವೆ. ಆತಂಕ ಎಂಬ ಪದಕ್ಕೆ ಆ ಕಳಂಕ ಮೆತ್ತಿಲ್ಲ. ಅದನ್ನು ಹೇಳಿಕೊಂಡು ಮರ್ಯಾದೆಯಿಂದ ವೈದ್ಯರ ಬಾಗಿಲಿಗೆ ಹೋಗಬಹುದು. ಆ ಬಾಗಿಲನ್ನು ಮುಚ್ಚುವುದು ಬೇಡ ಅನ್ನಿಸಿತು.

ನನ್ನ ತಪ್ಪು ಪದದಲ್ಲಿ ಅಷ್ಟಿರಲಿಲ್ಲ. ಪದದ ಹಲವು ಅರ್ಥಗಳಲ್ಲಿ ಪತ್ರಿಕೆ ಸವೆಸಿದ ಒಂದನ್ನೇ ಆರಿಸಿ, ಕ್ರಯಪತ್ರದಲ್ಲಿದ್ದದ್ದನ್ನು ಮರೆತದ್ದರಲ್ಲಿತ್ತು. ಹೆದರಿಕೆ ಎಷ್ಟಿದೆ ಎಂದು ಕೇಳಿದರೆ ಅಮ್ಮನಂಥವರು ಉತ್ತರಿಸಲಾರರು. ಹೆದರಿಕೆಯನ್ನು ಅಳೆಯುವ ಸೇರು ಯಾರ ಮನೆಯಲ್ಲೂ ಇಲ್ಲ. ಏನು ಅಡ್ಡ ನಿಂತಿದೆ ಎಂದು ಕೇಳಿದರೆ ಹೇಳಬಲ್ಲರು. ಆದ್ದರಿಂದ ಎರಡನೇ ಮುದ್ರಣಕ್ಕೆ ಮೊದಲ ಪ್ರಶ್ನೆಯನ್ನು ಹೀಗೆ ತಿದ್ದಿದೆ: ‘ಮೊದಲು ಸಲೀಸಾಗಿ ಮಾಡುತ್ತಿದ್ದ ಯಾವ ಕೆಲಸಗಳು ಈಗ ನಿಂತಿವೆ? ಯಾಕೋ ಒಂಥರಾ ಆಗಿ ಎಲ್ಲಿಂದ ವಾಪಸಾಗಿದ್ದೀರಿ?’ ಕೆಳಗೆ, ಇದನ್ನು ಆತಂಕದ ಕಾಯಿಲೆ ಎನ್ನುತ್ತಾರೆ, ಇದಕ್ಕೆ ಕಾರಣ ಕಾಣಿಸಲೇಬೇಕೆಂದಿಲ್ಲ, ಇದಕ್ಕೆ ಚಿಕಿತ್ಸೆ ಇದೆ ಎಂದು ಸೇರಿಸಿದೆ. ‘ಒಂಥರಾ’ ಎಂದು ಅಚ್ಚು ಹಾಕಲು ವೈದ್ಯರು ಮೊದಲು ಅನುಮಾನಿಸಿದರು. ಆಮೇಲೆ, ದಿನಕ್ಕೆ ಹತ್ತು ಸಲ ಆ ಪದ ಕೇಳುತ್ತೇನೆ, ಇರಲಿ ಎಂದರು.

ತಿದ್ದಿದ ಕರಡನ್ನು ಅಮ್ಮನಿಗೆ ಕೊಟ್ಟಾಗ ಅವಳು ಪೆನ್ಸಿಲ್ ಕೇಳಿದಳು. ಅಂಚಿನಲ್ಲಿ ಒಂದೊಂದಾಗಿ ಬರೆದಳು. ಸಂತೆ. ಶಿವಮೊಗ್ಗದ ಬಸ್ಸು. ತಂಗಿ ಮಗಳ ಮದುವೆ. ಕೊನೆಗೆ: ಕೆರೆ ಏರಿ.

ತರೀಕೆರೆಯನ್ನು ಕಾಣದ ಕನ್ನಡದ ಮಕ್ಕಳಿಗೂ ಆ ಏರಿ ಗೊತ್ತು. ಅದರ ಮೇಲೆ ಮೇಯುವ ಮೂರು ಕರಿ ಕುರಿಮರಿಗಳ ಹೆಸರು ಹೇಳುತ್ತ ನಾಲಿಗೆ ತೊಡರಿಸಿಕೊಂಡವರೇ ಎಲ್ಲರೂ. ನನ್ನನ್ನು, ತಮ್ಮನನ್ನು ಕೈಹಿಡಿದು ಆ ಏರಿಯ ಮೇಲೆ ನಡೆಸುತ್ತ, ನಾವು ತಪ್ಪಿದಾಗಲೆಲ್ಲ ಮೊದಲಿಂದ ಹೇಳಿಸುತ್ತಿದ್ದವಳು ಇವಳು. ಆರು ವರ್ಷದಿಂದ ಅಲ್ಲಿಗೆ ಹೋಗಿಲ್ಲ ಎಂದು ನನಗೆ ಗೊತ್ತೇ ಇರಲಿಲ್ಲ.

ಮುಂದಿನ ವಾರ ತಮ್ಮನ ಕಾರಿನಲ್ಲಿ ಶಿವಮೊಗ್ಗಕ್ಕೆ ಬಂದಳು. ವೈದ್ಯರು ಏನಾಗುತ್ತೆ ಎಂದು ಕೇಳಿದಾಗ ಬಾಯಲ್ಲಿ ಏನೂ ಹೇಳದೆ, ಚೀಲದಿಂದ ಆ ಕರಡನ್ನು ತೆಗೆದು ಮೇಜಿನ ಮೇಲಿಟ್ಟಳು. ಮಾತ್ರೆಯೂ ನಡೆದಿದೆ, ಮಾತುಕತೆಯೂ ನಡೆದಿದೆ. ಸಂತೆಗೆ ಹೋಗಿ ಬಂದಿದ್ದಾಳೆ. ಏರಿ ಇನ್ನೂ ಬಾಕಿ ಇದೆ.