ಹದಿನೇಳು ಇಂಚಿನ ಆಸೆ, ಹದಿನೈದು ಇಂಚಿನ ರಸ್ತೆ

ಹಿಂದೂಪುರದಿಂದ ಮಡಕಶಿರಾ, ಪಾವಗಡದ ಮೇಲೆ ಕಲ್ಯಾಣದುರ್ಗಕ್ಕೆ ಹೊರಟ ಕಾರು ಆಂಧ್ರ ಬಿಟ್ಟು ಕರ್ನಾಟಕ ಹೊಕ್ಕು ಮತ್ತೆ ಆಂಧ್ರ ಸೇರುತ್ತದೆ. ಮಾತು ಕನ್ನಡದಿಂದ ತೆಲುಗಿಗೆ, ತೆಲುಗಿನಿಂದ ಕನ್ನಡಕ್ಕೆ ಸಲೀಸಾಗಿ ಹೊರಳುವ ಸೀಮೆ ಇದು. ರಸ್ತೆ ಮಾತ್ರ ಅಷ್ಟು ಸಲೀಸಲ್ಲ. ನುಣುಪಾದ ಹೆದ್ದಾರಿ ಮುಗಿದಲ್ಲಿ ಅಂಚು ಕಿತ್ತ ಡಾಂಬರು, ಊರು ಬಂದಲ್ಲಿ ಬಣ್ಣ ಬಳಿಯದ ಉಬ್ಬು, ತಿರುವಿನಲ್ಲಿ ಲಾರಿಯಿಂದ ಉದುರಿದ ಜಲ್ಲಿ. ಇಂಥ ದಾರಿಯಲ್ಲಿ ದಿನವೂ ಓಡಾಡುವ ಡಿಜೈರ್, ಆರಾ, ಅಮೇಜ್‌ನಂಥ ಸಣ್ಣ ಸೆಡಾನ್‌ಗಳಿಗೆ ಯಾವ ರಿಮ್, ಯಾವ ಟೈರ್ ಹಾಕಿಸಬೇಕು ಎಂಬುದನ್ನು ಈಗ ಅಂಗಡಿಯ ಗಾಜಿನ ಹಿಂದೆ ಹೊಳೆಯುವ ಅಲಾಯ್‌ಗಳೇ ತೀರ್ಮಾನಿಸುತ್ತಿವೆ. ಆ ತೀರ್ಮಾನ ಬಹಳ ಸಲ ತಪ್ಪುತ್ತಿದೆ.

ಆಸೆಗೆ ಕಾರಣ ಇಲ್ಲದಿಲ್ಲ. ಹಿಂದೂಪುರಕ್ಕೆ ಹತ್ತಿರದ ಪೆನುಕೊಂಡದ ಬಳಿ ಎರ್ರಮಂಚಿಯಲ್ಲಿ ಕಿಯಾ ಕಾರ್ಖಾನೆ ಇದೆ. 2019ರಲ್ಲಿ ಅಲ್ಲಿಂದ ಸೆಲ್ಟೋಸ್ ಹೊರಬಂದ ಮೇಲೆ ದೊಡ್ಡ ಚಕ್ರದ ಕಾರು ಈ ಭಾಗದ ಕಣ್ಣಿಗೆ ರೂಢಿಯಾಯಿತು. ಅದರ ಪಕ್ಕದಲ್ಲಿ ನಿಂತ ಡಿಜೈರ್‌ನ ಹದಿನಾಲ್ಕು ಇಂಚಿನ ಕಬ್ಬಿಣದ ಡಿಸ್ಕ್, ಅದರ ಮೇಲಿನ ಪ್ಲಾಸ್ಟಿಕ್ ಕಪ್ ಬಡವಾಗಿ ಕಾಣುವುದು ನಿಜ. ಹೀಗಾಗಿ ಹೊಸ ಕಾರು ಪೂಜೆ ಮುಗಿಸಿಕೊಂಡು ನೇರ ಟೈರ್ ಅಂಗಡಿಗೆ ಬರುತ್ತದೆ. ಕೇಳುವುದು ಹದಿನಾರು, ಆಗುವುದಾದರೆ ಹದಿನೇಳು ಇಂಚು.

ಈ ಹೋಲಿಕೆಯಲ್ಲಿ ಕಣ್ಣಿಗೆ ಬೀಳದ ಒಂದು ಲೆಕ್ಕವಿದೆ. ಸೆಲ್ಟೋಸ್‌ನ ಹದಿನೇಳು ಇಂಚಿನ ರಿಮ್‌ಗೆ ಕಂಪನಿ ಕೊಡುವ ಟೈರ್ 215/60 ಆರ್17. ಇದರಲ್ಲಿ 215 ಟೈರಿನ ಅಗಲ, ಮಿಲಿಮೀಟರ್‌ನಲ್ಲಿ. 60 ಎಂದರೆ ರಿಮ್ ಅಂಚಿನಿಂದ ನೆಲದವರೆಗಿನ ರಬ್ಬರ್ ಗೋಡೆಯ ಎತ್ತರ ಆ ಅಗಲದ ಶೇ. 60ರಷ್ಟು. ಅಂದರೆ 129 ಮಿ.ಮೀ. ಡಿಜೈರ್‌ನ ಕೆಳ ಆವೃತ್ತಿಗೆ ಮಾರುತಿ ಕೊಡುವುದು 165/80 ಆರ್14. ಅದರ ಗೋಡೆ 132 ಮಿ.ಮೀ. ಹೊರನೋಟಕ್ಕೆ ಎಷ್ಟೇ ಬೇರೆಯಾದರೂ ಕಲ್ಲಿಗೂ ರಿಮ್‌ಗೂ ನಡುವೆ ಎರಡೂ ಕಾರುಗಳಲ್ಲಿರುವ ರಬ್ಬರ್ ಹೆಚ್ಚುಕಡಿಮೆ ಒಂದೇ. ಡಿಜೈರ್‌ಗೆ ಹದಿನೇಳು ಇಂಚು ಹಾಕಬೇಕಾದರೆ ಚಕ್ರದ ಒಟ್ಟು ಎತ್ತರ ಬದಲಾಗದಿರಲೆಂದು 205/45 ಆರ್17 ತೊಡಿಸಬೇಕಾಗುತ್ತದೆ. ಅದರ ಗೋಡೆ 92 ಮಿ.ಮೀ. ಸೆಲ್ಟೋಸ್‌ನ ರೂಪ ತರಲು ಹೋದವರು ಸೆಲ್ಟೋಸ್‌ನ ರಕ್ಷಣೆಯನ್ನು ಅಂಗಡಿಯಲ್ಲೇ ಬಿಟ್ಟು ಬರುತ್ತಾರೆ.

ಆ 40 ಮಿ.ಮೀ. ಕಡಿಮೆಯಾದರೆ ಏನಾಗುತ್ತದೆ ಎಂಬುದನ್ನು ಒಂದು ಗುಂಡಿಯ ಅಂಚಿನಲ್ಲಿ ನೋಡಬೇಕು. ಗಂಟೆಗೆ ಅರವತ್ತು ಕಿಲೋಮೀಟರ್ ವೇಗದಲ್ಲಿ ಚಕ್ರ ಗುಂಡಿಗೆ ಇಳಿದು ಎದುರಿನ ಅಂಚಿಗೆ ಬಡಿಯುತ್ತದೆ. ಟೈರಿನ ಗೋಡೆ ಒಳಕ್ಕೆ ಮಡಚುತ್ತದೆ. ಎತ್ತರದ ಗೋಡೆಯಾದರೆ ಮಡಚಿ ಮತ್ತೆ ಮೇಲೇಳುತ್ತದೆ. ಗಿಡ್ಡ ಗೋಡೆಯಾದರೆ ಮಡಚಲು ಜಾಗವೇ ಸಾಲದೆ ರಬ್ಬರ್ ಕಲ್ಲಿನಂಚಿಗೂ ರಿಮ್ಮಿನ ತುಟಿಗೂ ನಡುವೆ ಸಿಕ್ಕಿ ಜಜ್ಜಿಹೋಗುತ್ತದೆ. ಒಳಗಿನ ಪಾಲಿಯೆಸ್ಟರ್ ಎಳೆಗಳು ಕಡಿದುಹೋಗುತ್ತವೆ. ಕಾರು ನಿಲ್ಲುವುದಿಲ್ಲ, ಗಾಳಿಯೂ ಹೋಗುವುದಿಲ್ಲ. ಎರಡು ದಿನ ಬಿಟ್ಟು ನೋಡಿದರೆ ಟೈರಿನ ಪಕ್ಕದಲ್ಲಿ ನಿಂಬೆಹಣ್ಣಿನ ಗಾತ್ರದ ಗುಳ್ಳೆ. ಎಳೆ ಕಡಿದ ಜಾಗದಲ್ಲಿ ಗಾಳಿಯನ್ನು ಬರೀ ರಬ್ಬರ್ ತಡೆದು ನಿಂತಿದೆ ಎಂದು ಅದರ ಅರ್ಥ. ಆ ಟೈರಿಗೆ ರಿಪೇರಿ ಇಲ್ಲ, ಅದನ್ನು ಹಾಕಿಕೊಂಡು ಹೆದ್ದಾರಿ ಹತ್ತುವುದೂ ಸಲ್ಲ.

ರಿಮ್ಮಿನ ಕಥೆಯೂ ಇದಕ್ಕೆ ಹೊಂದಿಕೊಂಡೇ ಇದೆ. ಕಬ್ಬಿಣದ ಡಿಸ್ಕ್ ಪೆಟ್ಟು ತಿಂದರೆ ಬಾಗುತ್ತದೆ. ಸಣ್ಣ ಬೆಂಡ್ ಆದರೆ ಕಲ್ಯಾಣದುರ್ಗದಂಥ ಊರಿನಲ್ಲೂ ತೆಗೆಸಿಕೊಳ್ಳಬಹುದು, ಹೆಚ್ಚಾದರೆ ಹೊಸ ಡಿಸ್ಕ್‌ಗೆ ಕೊಡುವ ಹಣವೂ ದೊಡ್ಡದಲ್ಲ. ಎರಕ ಹೊಯ್ದ ಅಲ್ಯೂಮಿನಿಯಂ ಅಲಾಯ್ ಜೋರು ಪೆಟ್ಟಿಗೆ ಬಿರುಕು ಬಿಡುತ್ತದೆ. ಆ ಬಿರುಕಿಗೆ ಗ್ಯಾಸ್ ವೆಲ್ಡಿಂಗ್ ಮಾಡಿ, ಮೇಲೆ ಬೆಳ್ಳಿ ಬಣ್ಣ ಹೊಡೆದು ಮತ್ತೆ ಕಾರಿಗೆ ಹಾಕುವ ಪದ್ಧತಿಯನ್ನು ಎಷ್ಟು ಖಂಡಿಸಿದರೂ ಸಾಲದು. ಶಾಖ ತಗುಲಿದ ಸುತ್ತಲಿನ ಲೋಹ ಮೊದಲಿನ ಬಲ ಕಳೆದುಕೊಂಡಿರುತ್ತದೆ, ಬಣ್ಣ ಅದನ್ನು ಮುಚ್ಚಿಡುತ್ತದೆ.

ಅಲಾಯ್ ಹಗುರ, ಆದ್ದರಿಂದ ಒಳ್ಳೆಯದು ಎಂಬ ವಾದವೂ ಪೂರ್ತಿ ನಿಲ್ಲುವುದಿಲ್ಲ. ಒಂದೇ ಅಳತೆಯಲ್ಲಿ, ಒಳ್ಳೆಯ ವಿನ್ಯಾಸದ ಅಲಾಯ್ ಹಗುರವಾಗಬಹುದು. ಹದಿನಾಲ್ಕರ ಕಬ್ಬಿಣ ತೆಗೆದು ಹದಿನೇಳರ ಅಗ್ಗದ ಎರಕದ ಅಲಾಯ್ ಹಾಕಿದರೆ ತೂಕ ಸಾಮಾನ್ಯವಾಗಿ ಏರುತ್ತದೆ. ಏರಿದ ತೂಕ ಚಕ್ರದ ಹೊರ ಅಂಚಿಗೂ ಸರಿಯುವುದರಿಂದ 1.2 ಲೀಟರ್ ಎಂಜಿನ್ ಪ್ರತಿ ಸಲ ಕಾರು ಎಬ್ಬಿಸುವಾಗಲೂ ಹೆಚ್ಚು ದುಡಿಯಬೇಕು. ಮೈಲೇಜ್ ನೋಡಿ ಡಿಜೈರ್ ಕೊಂಡವರಿಗೆ ಇದು ಸಣ್ಣ ನಷ್ಟವಲ್ಲ.

ಈ ಜಾತಿಯ ಕಾರು ಹುಟ್ಟಿದ್ದೇ ಲೆಕ್ಕಾಚಾರದಿಂದ ಎಂಬುದನ್ನು ಇಲ್ಲಿ ನೆನೆಯಬೇಕು. 2006ರ ಕೇಂದ್ರ ಬಜೆಟ್ ನಾಲ್ಕು ಮೀಟರ್‌ಗಿಂತ ಚಿಕ್ಕ ಕಾರುಗಳಿಗೆ ಅಬಕಾರಿ ಸುಂಕ ಇಳಿಸಿತು. 2008ರಲ್ಲಿ ಬಂದ ಮೊದಲ ಡಿಜೈರ್ ಆ ಮಿತಿ ಮೀರಿತ್ತು. 2012ರಲ್ಲಿ ಅದರ ಹಿಂಭಾಗ ಮೊಟಕುಗೊಳಿಸಿ 3,995 ಮಿ.ಮೀ.ಗೆ ತಂದರು. ಅಷ್ಟರಲ್ಲೇ ಡಿಕ್ಕಿ, ಐದು ಸೀಟು, ನಾಲ್ಕು ಚಕ್ರ ಎಲ್ಲ ಹಿಡಿಯಬೇಕು. ಚಕ್ರದ ಕಮಾನಿನೊಳಗೆ ಉಳಿದಿರುವ ಜಾಗ ಕಂಪನಿ ಅಳೆದು ಬಿಟ್ಟದ್ದು. ಹದ ಮೀರಿದ ಅಗಲದ ಟೈರ್ ತುಂಬಿದ ಕಾರಿನಲ್ಲಿ ಉಬ್ಬು ದಾಟುವಾಗ ಫೆಂಡರ್‌ಗೆ ಉಜ್ಜುವುದು ಅದಕ್ಕೇ. ಲೇಪಾಕ್ಷಿಗೆ ನೆಂಟರನ್ನು ತುಂಬಿಕೊಂಡು ಹೊರಟಾಗ ಆ ಸದ್ದು ಮೊದಲು ಕೇಳುವುದು ಹಿಂದಿನ ಸೀಟಿನವರಿಗೆ.

ಹಾಗಾದರೆ ಸರಿಯಾದದ್ದು ಯಾವುದು? ಮಾರುತಿಯ ಲೆಕ್ಕದಲ್ಲೇ ಉತ್ತರವಿದೆ. 165/80 ಆರ್14ರ ಒಟ್ಟು ವ್ಯಾಸ ಸುಮಾರು 620 ಮಿ.ಮೀ. ಮೇಲಿನ ಆವೃತ್ತಿಯ 185/65 ಆರ್15ರದ್ದು 621.5. ಬಲೆನೊದ ಮೇಲಿನ ಆವೃತ್ತಿಗಳಲ್ಲಿರುವ 195/55 ಆರ್16ರದ್ದು 621. ಮೂರೂ ಒಂದೇ ಎತ್ತರ. ಸ್ಪೀಡೋಮೀಟರ್ ತಪ್ಪು ಹೇಳುವುದಿಲ್ಲ, ಎಬಿಎಸ್ ಗೊಂದಲಕ್ಕೆ ಬೀಳುವುದಿಲ್ಲ. ಅಲಾಯ್ ಇರುವ ಡಿಜೈರ್‌ನ ಡಿಕ್ಕಿಯಲ್ಲಿ ಹದಿನಾಲ್ಕರ ಕಬ್ಬಿಣದ ಸ್ಟೆಪ್ನಿ ಇಟ್ಟು ಕಂಪನಿ ಉಳಿತಾಯ ಮಾಡಲು ಸಾಧ್ಯವಾಗಿರುವುದೂ ಈ ಹೊಂದಾಣಿಕೆಯಿಂದಲೇ. ಇದನ್ನು ಬಿಟ್ಟು ಕೈಗೆ ಸಿಕ್ಕ 195/50 ಆರ್16 ಹಾಕಿದರೆ ವ್ಯಾಸ 601ಕ್ಕೆ ಇಳಿಯುತ್ತದೆ. ನೆಲದಿಂದ 163 ಮಿ.ಮೀ. ಎತ್ತರವಿರುವ ಕಾರು ಇನ್ನೂ ಹತ್ತು ಮಿ.ಮೀ. ತಗ್ಗುತ್ತದೆ. ಹಳ್ಳಿಯ ಉಬ್ಬುಗಳ ಮೇಲೆ ಆ ಹತ್ತು ಮಿ.ಮೀ.ಗೆ ಬೆಲೆ ಇದೆ. ಈ ಲೆಕ್ಕ ಡಿಜೈರ್‌ನದ್ದು ಮಾತ್ರ. ಹ್ಯುಂಡೈ ಆರಾದ 165/70 ಆರ್14 ಕೇವಲ 587 ಮಿ.ಮೀ. ಆಗಿರುವುದರಿಂದ ಒಬ್ಬರ ಕಾರಿನ ಟೈರ್ ಇನ್ನೊಬ್ಬರ ಕಾರಿಗೆ ಮಾದರಿಯಾಗದು. ಚಾಲಕನ ಬಾಗಿಲ ಬಳಿಯ ಸ್ಟಿಕ್ಕರ್ ಅಥವಾ ಕಾರಿನ ಕೈಪಿಡಿಯೇ ಪ್ರಮಾಣ.

ಮಾರುತಿಯ ಆ ಮೂರು ಅಳತೆಗಳಲ್ಲಿ ಗಡಿಸೀಮೆಗೆ ತಕ್ಕದ್ದು 185/65 ಆರ್15. ಗೋಡೆ 120 ಮಿ.ಮೀ. ಉಳಿಯುತ್ತದೆ, ಟೈರಿನ ಅಗಲ 20 ಮಿ.ಮೀ. ಹೆಚ್ಚುತ್ತದೆ. ಮಳೆಗಾಲದಲ್ಲಿ ಬ್ರೇಕ್ ಒತ್ತಿದಾಗ, ಹೆದ್ದಾರಿಯಲ್ಲಿ ಗಾಳಿ ಬೀಸಿದಾಗ ಆ ಅಗಲ ಕೆಲಸಕ್ಕೆ ಬರುತ್ತದೆ. ಹದಿನಾರು ಇಂಚು ವಾರಕ್ಕೊಮ್ಮೆ ಬೆಂಗಳೂರಿಗೆ ಹೆದ್ದಾರಿಯಲ್ಲೇ ಹೋಗಿ ಬರುವವರಿಗೆ ಸಮ್ಮತ. ತಿರುವಿನಲ್ಲಿ ಅದು ಹೆಚ್ಚು ಚುರುಕು ಎನ್ನುವುದನ್ನು ಒಪ್ಪಲೇಬೇಕು. ಕುಂದುರ್ಪಿ, ಕಂಬದೂರು, ಅಮರಾಪುರದ ಕಡೆಯ ಹಳ್ಳಿ ದಾರಿಗೆ ಅದು ಬೇಡ. ಹದಿನೇಳು ಯಾರಿಗೂ ಬೇಡ.

ಹದಿನೈದು ಇಂಚು ಎಂದ ಕೂಡಲೇ ಅಲಾಯ್ ಎಂದಾಗಬೇಕಿಲ್ಲ. ಬಲೆನೊದ ಕೆಳ ಆವೃತ್ತಿಯಲ್ಲಿ ಇದೇ 185/65 ಆರ್15 ಟೈರ್ ಹದಿನೈದು ಇಂಚಿನ ಕಬ್ಬಿಣದ ಡಿಸ್ಕ್ ಮೇಲೆ ಬರುತ್ತದೆ. ಅದಕ್ಕೂ ಡಿಜೈರ್‌ಗೂ ನಾಲ್ಕು ಬೋಲ್ಟ್, ಬೋಲ್ಟುಗಳ ವೃತ್ತದ ವ್ಯಾಸ (ಪಿಸಿಡಿ) 100 ಮಿ.ಮೀ., ನಡುವಿನ ತೂತು 54.1 ಮಿ.ಮೀ. ಒಂದೇ. ಒಳಹೊರಗಿನ ಸರಿತವನ್ನು ಹೇಳುವ ಇಟಿ ಅಂಕಿಯನ್ನೂ ತಾಳೆ ನೋಡಿ ಕೊಂಡರೆ ಗಟ್ಟಿ ರಿಮ್ ಮತ್ತು ಅಗಲ ಟೈರ್ ಎರಡೂ ಸಿಕ್ಕಂತೆ. ಅಂಗಡಿಯಲ್ಲಿ ಇದಕ್ಕೆ ಬೇಡಿಕೆ ಕಡಿಮೆ, ಏಕೆಂದರೆ ಹೊಳಪಿಲ್ಲ. ಈ ರಸ್ತೆಗಳಿಗೆ ಇದಕ್ಕಿಂತ ಒಳ್ಳೆಯ ಜೋಡಿ ಇಲ್ಲ. ಮಾರುತಿ ಇದನ್ನು ಬಲೆನೊಗೆ ಕೊಟ್ಟು ಡಿಜೈರ್‌ನ ಕೆಳ ಆವೃತ್ತಿಗೆ ಕೊಡದಿರುವುದು ಆಕ್ಷೇಪಾರ್ಹ. ಕಡಿಮೆ ಹಣ ಕೊಟ್ಟವರೂ ಅದೇ ವೇಗದಲ್ಲಿ, ಅದೇ ಹೆದ್ದಾರಿಯಲ್ಲಿ ಬ್ರೇಕ್ ಹಾಕುತ್ತಾರೆ.

ಹೊರಗಿನ ಅಲಾಯ್‌ಗಳಲ್ಲಿ ಎಡವಟ್ಟಾಗುವುದು ಆ ನಡುವಿನ ತೂತಿನಲ್ಲೇ. ಎಲ್ಲ ಕಾರಿಗೂ ಹೊಂದಲೆಂದು ಅದನ್ನು 73.1 ಮಿ.ಮೀ.ನಷ್ಟು ದೊಡ್ಡದಾಗಿ ಕೊರೆದಿರುತ್ತಾರೆ. ಹಬ್ ಮೇಲೆ ಸರಿಯಾಗಿ ಕೂರಲು ನಡುವೆ ಒಂದು ರಿಂಗ್ ಬೇಕು. ಅದಿಲ್ಲದೆ ಬಿಗಿದರೆ ಚಕ್ರ ಕೂದಲೆಳೆಯಷ್ಟು ಪಕ್ಕಕ್ಕೆ ಕೂತು ಎಂಬತ್ತು, ತೊಂಬತ್ತರ ವೇಗದಲ್ಲಿ ಸ್ಟಿಯರಿಂಗ್ ನಡುಗುತ್ತದೆ. ಗ್ರಾಹಕರು ಅಲೈನ್‌ಮೆಂಟ್, ಬ್ಯಾಲೆನ್ಸಿಂಗ್ ಎಂದು ಮತ್ತೆ ಮತ್ತೆ ದುಡ್ಡು ಕೊಡುತ್ತಾರೆ, ನಡುಕ ಹೋಗುವುದಿಲ್ಲ. ಅಮೇಜ್ ಮಾಲೀಕರು ನಟ್ಟುಗಳನ್ನೂ ನೋಡಬೇಕು. ಹೋಂಡಾದ ಮೂಲ ನಟ್ಟಿನ ತಳ ಗುಂಡಗೆ, ಹೊರಗಿನ ಹೆಚ್ಚಿನ ಅಲಾಯ್‌ಗಳು ಕೇಳುವುದು ಶಂಕುವಿನಾಕಾರದ ನಟ್ಟು. ಹಳೆಯದನ್ನೇ ಬಿಗಿದರೆ ಅದು ರಿಮ್ಮನ್ನು ಪೂರ್ತಿ ಹಿಡಿಯುವುದಿಲ್ಲ, ಓಡುತ್ತ ಸಡಿಲವಾಗಬಹುದು.

ಟೈರ್ ಆರಿಸುವಲ್ಲಿ ಅನಂತಪುರ ಸೀಮೆಯ ಹವೆಯನ್ನೂ ಲೆಕ್ಕಕ್ಕೆ ಹಿಡಿಯಬೇಕು. ವರ್ಷದ ಮಳೆ ಸುಮಾರು 550 ಮಿ.ಮೀ., ಬೇಸಿಗೆಯ ಬಿಸಿಲು ನಲವತ್ತು ಡಿಗ್ರಿ ದಾಟುತ್ತದೆ. ಇಲ್ಲಿ ಎಷ್ಟೋ ಟೈರುಗಳ ಬಟನ್ ಸವೆಯುವ ಮೊದಲೇ ರಬ್ಬರ್ ಒಣಗಿ ಬದಿಯಲ್ಲಿ ಸಣ್ಣ ಸೀಳು ಬಿಡುತ್ತದೆ. ಕಾನೂನು ಕೇಳುವುದು ಕನಿಷ್ಠ 1.6 ಮಿ.ಮೀ. ಆಳದ ಬಟನ್, ಆದರೆ ಆರು ವರ್ಷದ ಟೈರ್‌ನಲ್ಲಿ ನಾಲ್ಕು ಮಿ.ಮೀ. ಉಳಿದಿದ್ದರೂ ಅದನ್ನು ನಂಬಲಾಗದು. ಟೈರಿನ ಬದಿಯಲ್ಲಿ ಡಾಟ್ ಸಾಲಿನ ಕೊನೆಯ ನಾಲ್ಕು ಅಂಕಿ ಅದರ ಹುಟ್ಟಿದ ದಿನ ಹೇಳುತ್ತವೆ. 2423 ಎಂದಿದ್ದರೆ 2023ರ 24ನೇ ವಾರ. ರಿಯಾಯಿತಿಯಲ್ಲಿ ಸಿಗುವ ‘ಹೊಸ’ ಟೈರ್ ಎಷ್ಟು ಕಾಲ ಗೋದಾಮಿನಲ್ಲಿ ಬಿದ್ದಿತ್ತು ಎಂಬುದು ಅಲ್ಲಿ ಸಿಕ್ಕಿಬೀಳುತ್ತದೆ.

ಬಾಳಿಕೆಯನ್ನೇ ಮುಂದಿಟ್ಟು ಮಾರುವ ಗಟ್ಟಿ ರಬ್ಬರಿನ ಟೈರುಗಳು ಟ್ಯಾಕ್ಸಿಗೆ ಸರಿ. ಮನೆಯ ಕಾರು ವರ್ಷಕ್ಕೆ ಓಡುವುದು ಕಡಿಮೆ, ಲಕ್ಷ ಕಿಲೋಮೀಟರ್ ಬಾಳುವ ಟೈರ್ ಅಲ್ಲಿ ಮುದಿಯಾಗಿಯೇ ಸಾಯುತ್ತದೆ. ಅದರ ಬದಲು ಒದ್ದೆ ರಸ್ತೆ ಹಿಡಿಯುವ ಟೈರ್ ಮೇಲು. ಮಳೆ ಕಡಿಮೆ ಎನ್ನುವ ಈ ನಾಡಿನಲ್ಲೇ ಮೊದಲ ಮಳೆಗೆ ದೂಳು, ಎಣ್ಣೆ ಕಲಸಿ ರಸ್ತೆ ಹೆಚ್ಚು ಜಾರುತ್ತದೆ. ಒದ್ದೆ ರಸ್ತೆಯ ಹಿಡಿತಕ್ಕೆ, ಉರುಳುವ ತಡೆಗೆ, ಸದ್ದಿಗೆ ಮಿತಿ ಹಾಕುವ ಕೇಂದ್ರದ ನಿಯಮ ಹೊಸ ವಿನ್ಯಾಸದ ಟೈರುಗಳಿಗೆ 2022ರ ಅಕ್ಟೋಬರ್ 1ರಿಂದ, ಹಳೆಯವಕ್ಕೆ 2023ರ ಏಪ್ರಿಲ್ 1ರಿಂದ ಬಂದಿದೆ. ಅದಕ್ಕೆ ಮುಂಚಿನ ದಾಸ್ತಾನು ಅಗ್ಗವೆಂದು ಕೊಳ್ಳಲು ಈಗ ಯಾವ ಕಾರಣವೂ ಇಲ್ಲ.

ಗಾಳಿಯನ್ನು ಬೆಳಿಗ್ಗೆ, ಕಾರು ಓಡುವ ಮೊದಲೇ ಹಿಡಿಸಬೇಕು. ಐದಾರು ಡಿಗ್ರಿ ಶಾಖ ಏರಿದರೆ ಒತ್ತಡ ಸುಮಾರು ಒಂದು ಪಿಎಸ್‌ಐ ಏರುತ್ತದೆ. ಮಧ್ಯಾಹ್ನ ಕಾದ ಟೈರಿನಲ್ಲಿ ‘ಜಾಸ್ತಿ ಇದೆ’ ಎಂದು ಗಾಳಿ ಬಿಡಿಸಿದರೆ ರಾತ್ರಿಯ ಹೊತ್ತಿಗೆ ಅದು ಕಡಿಮೆಯಾಗಿರುತ್ತದೆ. ಕಡಿಮೆ ಗಾಳಿಯ ಟೈರ್ ಹೆಚ್ಚು ಮಡಚುತ್ತ, ಹೆಚ್ಚು ಕಾಯುತ್ತ ಹೋಗಿ ಹೆದ್ದಾರಿಯಲ್ಲಿ ಸಿಡಿಯಬಹುದು. ಹೊಲದ ಬದುಗಳಲ್ಲಿ ಬೆಳೆದ ಬಳ್ಳಾರಿ ಜಾಲಿಯ ಮುಳ್ಳು ಟ್ಯೂಬ್‌ಲೆಸ್ ಟೈರಿನಲ್ಲಿ ನೆಟ್ಟರೂ ಗಾಳಿ ಮೆಲ್ಲಗೆ ಇಳಿಯುವುದರಿಂದ ಗೊತ್ತಾಗುವುದು ತಡ. ತಿಂಗಳಿಗೆರಡು ಸಲ ಗೇಜ್ ಹಿಡಿದು ನೋಡುವುದು ಇಲ್ಲಿ ಅಗತ್ಯ.

ಹಿಂದೂಪುರ, ಕಲ್ಯಾಣದುರ್ಗದ ಟೈರ್ ವ್ಯಾಪಾರಿಗಳಲ್ಲಿ ಒಂದು ವಿನಂತಿ ಉಳಿದಿದೆ. ಬಿಲ್ಲಿನಲ್ಲಿ ಈಗ ಕಂಪನಿ ಹೆಸರು, ಬೆಲೆ ಮಾತ್ರ ಇರುತ್ತವೆ. ಅದರ ಜೊತೆಗೆ ಟೈರಿನ ಪೂರ್ಣ ಅಳತೆ, ಭಾರಸೂಚ್ಯಂಕ, ತಯಾರಾದ ವಾರ ಈ ಮೂರನ್ನೂ ಬರೆದುಕೊಡಿ. ಭಾರಸೂಚ್ಯಂಕ 88 ಎಂದರೆ ಒಂದು ಟೈರ್ ಹೊರಬಲ್ಲದ್ದು 560 ಕಿಲೋ, 82 ಎಂದರೆ 475 ಕಿಲೋ. ಒಂದೇ ಅಗಲದ ಎರಡು ಟೈರುಗಳ ನಡುವೆಯೂ ಇಷ್ಟು ಅಂತರ ಇರಬಹುದು. ಕೊಳ್ಳುವವರು ಈ ಮೂರು ವಿವರ ಬರೆದಿರುವ ಬಿಲ್ ಕೈಗೆ ಬಂದ ಮೇಲೆಯೇ ಜಾಕ್ ಹಾಕಲು ಬಿಡಲಿ, ಡಿಕ್ಕಿಯಲ್ಲಿ ವರ್ಷಗಟ್ಟಲೆ ಕೂತಿರುವ ಸ್ಟೆಪ್ನಿಯ ನಾಲ್ಕು ಅಂಕಿಯನ್ನೂ ಅದೇ ದಿನ ಓದಿಸಲಿ.