‘ತಿಥಿ’ಯ ಅಭಿ, ನಮ್ಮೂರ ಹುಡುಗರು

ರಾಮ್ ರೆಡ್ಡಿ ಅವರ ‘ತಿಥಿ’ಯನ್ನು ಎಲ್ಲರೂ ಗಡ್ಡಪ್ಪನ ಸಿನಿಮಾ ಎಂದೇ ನೆನೆಯುತ್ತಾರೆ. 2015ರಲ್ಲಿ ಲೊಕಾರ್ನೊ ಚಿತ್ರೋತ್ಸವದಲ್ಲಿ ಪ್ರಶಸ್ತಿ ಪಡೆದು ಮರುವರ್ಷ ನಮ್ಮ ಟಾಕೀಸುಗಳಿಗೆ ಬಂದಾಗ, ಕುಡಿಯುತ್ತ ಅಲೆಯುವ ಆ ಮುದುಕನೇ ಜನರ ಬಾಯಲ್ಲಿ ಉಳಿದ. ಈಚೆಗೆ ಮತ್ತೆ ನೋಡಿದಾಗ ನನ್ನ ಕಣ್ಣು ಹೋದದ್ದು ಅವನ ಮೊಮ್ಮಗ ಅಭಿಯ ಕಡೆಗೆ.

ಮಂಡ್ಯ ಜಿಲ್ಲೆಯ ನೊದೆಕೊಪ್ಪಲಿನಲ್ಲಿ, ಹಳ್ಳಿಯವರನ್ನೇ ಹಾಕಿಕೊಂಡು ತೆಗೆದ ಚಿತ್ರವಿದು. ಗಡ್ಡಪ್ಪನ ಅಪ್ಪ, 101 ವರ್ಷದ ಸೆಂಚುರಿ ಗೌಡ ತೀರಿಕೊಂಡ ದಿನದಿಂದ 11ನೇ ದಿನದ ತಿಥಿಯವರೆಗಿನ ಕತೆ. ಅಭಿಗೆ ಇಸ್ಪೀಟು, ಮೊಬೈಲಿನಲ್ಲಿ ಕದ್ದು ನೋಡುವ ವಿಡಿಯೊ, ಕುರಿಗಾಹಿ ಹುಡುಗಿ ಕಾವೇರಿಯ ಬೆನ್ನು ಹತ್ತುವುದು, ಇಷ್ಟೇ ಕೆಲಸ. ತಿಥಿಯೂಟಕ್ಕೆ ಕುರಿ ತಾರೋ ಎಂದರೆ ಕದಿಯಲು ಹೋಗುತ್ತಾನೆ. ‘ಈಗಿನ ಹುಡುಗರು ಕೆಟ್ಟರು’ ಎನ್ನುವವರಿಗೆ ಇಷ್ಟು ಸಾಕು. ಆದರೆ ಬದುಕಿರುವ ಹೆತ್ತಪ್ಪ ಗಡ್ಡಪ್ಪನಿಗೆ ಸುಳ್ಳು ಮರಣಪತ್ರ ಮಾಡಿಸಿ ಜಮೀನು ಮಾರಲು ಹೊರಟವನು ಅಭಿಯ ಅಪ್ಪ ತಮ್ಮಣ್ಣ. ಹುಡುಗ ಯಾರನ್ನು ನೋಡಿ ಕಲಿಯಬೇಕು? ಚಿತ್ರ ಇದನ್ನು ಬಾಯಿಬಿಟ್ಟು ಕೇಳುವುದಿಲ್ಲ. ಅದು ನಿರ್ದೇಶಕರ ಜಾಣತನ.

ನಮ್ಮ ಪಿರಿಯಾಪಟ್ಟಣ ಸೀಮೆಯಲ್ಲಿ, ಕಂಪಲಾಪುರದ ತಂಬಾಕು ಹರಾಜು ಮಾರುಕಟ್ಟೆಯ ಸುತ್ತಲಿನ ಹುಡುಗರಿಗೆ ಅಭಿಯಷ್ಟು ಬಿಡುವಿಲ್ಲ. ಹೊಗೆಸೊಪ್ಪು ಬೇಯಿಸುವ ಕಾಲದಲ್ಲಿ ಬ್ಯಾರನ್‌ಗೆ, ಅಂದರೆ ಸೊಪ್ಪು ಬೇಯಿಸುವ ಮನೆಗೆ, ಹಗಲೂ ರಾತ್ರಿ ಬೆಂಕಿ ಬೇಕು. ಉರಿ ಏರಿದರೂ ಕಷ್ಟ, ಇಳಿದರೂ ಕಷ್ಟ. ನಿದ್ದೆಗೆಟ್ಟು ಕಾಯುವವನ ಕೈಯಲ್ಲೂ ರೀಲ್ಸ್ ಓಡುತ್ತಿರುತ್ತದೆ. ಮೊಬೈಲು ಹಿಡಿದವನೆಲ್ಲ ಸೋಮಾರಿ ಎಂಬ ಹಿರಿಯರ ತೀರ್ಮಾನ ಇಲ್ಲಿ ನಿಲ್ಲುವುದಿಲ್ಲ.

ಚಿತ್ರದ ದೊಡ್ಡ ಕೊರತೆ ಕಾವೇರಿ. ಮೊದಲು ದೂರವಿಟ್ಟವಳು ಕೊನೆಗೆ ಒಲಿಯುತ್ತಾಳೆ. ಯಾಕೆಂದು ನಮಗೆ ತಿಳಿಯುವುದೇ ಇಲ್ಲ. ಅವಳನ್ನು ನಾವು ಅಭಿಯ ಕಣ್ಣಿನಿಂದಷ್ಟೇ ನೋಡುತ್ತೇವೆ. ಹುಡುಗಿ ಯಾಕೆ ಒಲಿಯುತ್ತಾಳೆ, ಯಾಕೆ ಒಲ್ಲೆ ಎನ್ನುತ್ತಾಳೆ ಎಂಬುದು ಚಿತ್ರದ ಹೊರಗೂ ದೊಡ್ಡ ಪ್ರಶ್ನೆಯೇ. 2023ರ ಫೆಬ್ರವರಿಯಲ್ಲಿ ಮದುವೆಗೆ ಹೆಣ್ಣು ಸಿಗದ ಯುವಕರು ಮದ್ದೂರು ತಾಲ್ಲೂಕಿನ ಕೆ.ಎಂ. ದೊಡ್ಡಿಯಿಂದ ಮಾದಪ್ಪನ ಬೆಟ್ಟಕ್ಕೆ ಪಾದಯಾತ್ರೆ ಹೊರಟಾಗ ಬಹಳ ಮಂದಿ ನಕ್ಕರು. ಅವರಲ್ಲಿ ರೈತರ ಮಕ್ಕಳೇ ಹೆಚ್ಚು. ನಮ್ಮ ಕಡೆಯೂ ಹೆಣ್ಣಿನವರ ಮೊದಲ ಮಾತು ‘ಹುಡುಗ ಬೆಂಗಳೂರಲ್ಲಿದ್ದಾನಾ?’ ಎಂಬುದೇ. ಓದಿದ ಹುಡುಗಿ ಸಗಣಿ ಬಾಚುವ, ಸೊಪ್ಪು ಕಟ್ಟುವ ಬಾಳು ಬೇಡ ಎನ್ನುತ್ತಾಳೆ. ಜೀವಮಾನವಿಡೀ ಸೊಪ್ಪು ಕಟ್ಟಿದ ಅವಳ ತಾಯಿಯೂ ಅದಕ್ಕೆ ಹೂಂ ಎನ್ನುತ್ತಾಳೆ. ಹಳ್ಳಿಯ ಹೊಸ ತಲೆಮಾರಿನಲ್ಲಿ ನಿಜವಾಗಿ ಬದಲಾದದ್ದು ಇದು. ಹುಡುಗರ ಪೋಲಿತನ ಮೊದಲಿಂದಲೂ ಇದ್ದದ್ದೇ.

ಗಂಡಸರ ಮಟ್ಟಿಗೆ ‘ತಿಥಿ’ಯಷ್ಟು ದಿಟವಾದ ಹಳ್ಳಿಚಿತ್ರ ಕನ್ನಡದಲ್ಲಿ ಕಡಿಮೆ. ಪಿರಿಯಾಪಟ್ಟಣ ಸೀಮೆಯಲ್ಲಿ ಫೋನು ಹಿಡಿದು ವಿಡಿಯೊ ಮಾಡುವ ಹೆಣ್ಣುಮಕ್ಕಳು ಬೇಕಾದಷ್ಟಿದ್ದಾರೆ. ಕಾವೇರಿಯ ಕತೆಯನ್ನು ಅವರಲ್ಲೊಬ್ಬಳು ತೆಗೆಯಲಿ.