“ಮೊದಲ ಖಾಸಗಿ ಬಾನುಲಿ” ಎಂಬ ಮಾತು: ಬೆಂಗಳೂರಿನ ರೇಡಿಯೋ ಸಿಟಿಯ ಚರಿತ್ರೆಯನ್ನು ಕುರಿತ ಒಂದು ವಿಮರ್ಶೆ

ಬೆಂಗಳೂರಿನಲ್ಲಿ ೨೦೦೧ನೆಯ ಇಸವಿ ಜುಲೈ ೩ರಂದು ರೇಡಿಯೋ ಸಿಟಿ ಎಂಬ ಎಫ್.ಎಂ. ನಿಲಯವು ತನ್ನ ಪ್ರಸಾರವನ್ನು ಆರಂಭಿಸಿತು. ಭಾರತದಲ್ಲಿ ಖಾಸಗಿ ಬಾನುಲಿಯ ಚರಿತ್ರೆ ಅಂದಿನಿಂದಲೇ ಮೊದಲಾಗುತ್ತದೆಂದು ಹೇಳುವುದು ಈಗ ವಾಡಿಕೆಯಾಗಿದೆ. ಸರಕಾರದ ಬಾನುಲಿಯು ನೀರಸವಾಗಿದ್ದಿತು, ಖಾಸಗಿಯವರು ಬಂದರು, ಕೇಳುಗನ ಅಭಿರುಚಿಗೆ ಬಿಡುಗಡೆ ದೊರೆಯಿತು. ಪ್ರಚಲಿತವಾಗಿರುವ ವೃತ್ತಾಂತದ ಸಾರ ಇಷ್ಟೆ. ಇದು ಎಷ್ಟರಮಟ್ಟಿಗೆ ಒಪ್ಪತಕ್ಕದ್ದೆಂಬುದನ್ನು ಇಲ್ಲಿ ವಿಚಾರಿಸೋಣ.

ಮೊದಲಿಗೆ ‘ಮೊದಲು’ ಎಂಬ ಮಾತನ್ನೇ ಎತ್ತಿಕೊಳ್ಳಬಹುದು. ಮೈಸೂರಿನ ಮಹಾರಾಜಾ ಕಾಲೇಜಿನಲ್ಲಿ ಮನಶ್ಶಾಸ್ತ್ರದ ಪ್ರಾಧ್ಯಾಪಕರಾಗಿದ್ದ ಡಾ. ಎಂ. ವಿ. ಗೋಪಾಲಸ್ವಾಮಿಯವರು ೧೯೩೫ರಲ್ಲಿಯೇ ತಮ್ಮ ಮನೆಯಲ್ಲಿ ಬಾನುಲಿ ಕೇಂದ್ರವೊಂದನ್ನು ನಡೆಸತೊಡಗಿದರು. ‘ಆಕಾಶವಾಣಿ’ ಎಂಬ ಹೆಸರು ಆ ಕೇಂದ್ರದ್ದು. ದೇಶದ ಬಾನುಲಿಗೆ ಅದು ಸಂದುದು ಅನಂತರ. ಅದು ಖಾಸಗಿಯಾಗಿದ್ದಿತು, ಆದರೆ ವ್ಯಾಪಾರವಾಗಿರಲಿಲ್ಲ. ಇನ್ನು ೧೯೯೩ರಿಂದ ೧೯೯೮ರವರೆಗೆ ಆಕಾಶವಾಣಿಯೇ ಕೆಲವು ನಗರಗಳಲ್ಲಿ ತನ್ನ ಎಫ್.ಎಂ. ವೇಳೆಯನ್ನು ಗಂಟೆಗಳ ಲೆಕ್ಕದಲ್ಲಿ ಖಾಸಗಿಯವರಿಗೆ ಮಾರಿದ್ದಿತು. ಅದು ವ್ಯಾಪಾರವಾಗಿದ್ದಿತು, ಆದರೆ ನಿಲಯ ಸರಕಾರದ್ದು. ಆದುದರಿಂದ ರೇಡಿಯೋ ಸಿಟಿಯನ್ನು ಮೊದಲನೆಯದೆನ್ನುವಾಗ, ಸರಕಾರದ ಪರವಾನಗಿ ಪಡೆದು ತನ್ನದೇ ಆದ ಅಲೆಯಲ್ಲಿ ವ್ಯಾಪಾರಕ್ಕಾಗಿ ನಡೆದ ಮೊದಲ ಎಫ್.ಎಂ. ನಿಲಯ ಎಂದೇ ಅರ್ಥಮಾಡಬೇಕು. ಇಲ್ಲಿ ‘ಪರವಾನಗಿ’ ಎಂಬುದೇ ಮುಖ್ಯವಾದ ಪದವೆಂದು ನಮ್ಮ ಅಭಿಪ್ರಾಯ.

ಆ ಪರವಾನಗಿಯ ಹಿನ್ನೆಲೆಯನ್ನು ನೋಡೋಣ. ೧೯೯೫ರ ಫೆಬ್ರವರಿಯಲ್ಲಿ ಸರ್ವೋಚ್ಚ ನ್ಯಾಯಾಲಯವು ಕ್ರಿಕೆಟ್ ಪ್ರಸಾರಕ್ಕೆ ಸಂಬಂಧಿಸಿದ ಬಂಗಾಳದ ಮೊಕದ್ದಮೆಯಲ್ಲಿ, ಪ್ರಸಾರದ ಅಲೆಗಳು ಸಾರ್ವಜನಿಕರ ಸ್ವತ್ತು, ಅವುಗಳ ಉಪಯೋಗವು ಸಾರ್ವಜನಿಕರ ಹಿತಕ್ಕಾಗಿ ನಿಯಂತ್ರಿತವಾಗಬೇಕು ಎಂದು ತೀರ್ಪಿತ್ತಿತು. ೧೯೯೯ರ ನೀತಿಯು ಆ ಸ್ವತ್ತನ್ನು ಹರಾಜಿನ ದಾರಿಯಿಂದ ಹಂಚಲು ಹೊರಟಿತು. ೪೦ ನಗರಗಳಲ್ಲಿ ೧೦೮ ಅಲೆಗಳನ್ನು ಹರಾಜಿಗಿಟ್ಟರು. ಕೂಗಿದ ಹಣವನ್ನು ವರುಷ ವರುಷವೂ ತೆರಬೇಕಾಗಿದ್ದಿತಲ್ಲದೆ, ಅದು ವರ್ಷಕ್ಕೆ ಶೇಕಡಾ ೧೫ರಂತೆ ಏರುತ್ತಿದ್ದಿತು. ವರಮಾನ ಬರಲಿ, ಬಾರದಿರಲಿ, ಕಂದಾಯ ಮಾತ್ರ ನಿಲ್ಲುವಂತಿರಲಿಲ್ಲ. ಪರಿಣಾಮವಾಗಿ ಕೂಗಿದವರಲ್ಲಿ ಅನೇಕರು ಹಿಂದೆ ಸರಿದರು. ಆ ಹಂತದಲ್ಲಿ ನಡೆದು ನಿಂತ ನಿಲಯಗಳು ಇಪ್ಪತ್ತರ ಆಸುಪಾಸು. ೨೦೦೫ರ ನೀತಿಯು ಈ ಕ್ರಮವನ್ನು ಕೈಬಿಟ್ಟು, ಒಮ್ಮೆ ತೆರುವ ಪ್ರವೇಶಧನ ಮತ್ತು ಸಾಮಾನ್ಯವಾಗಿ ವರಮಾನದ ಶೇಕಡಾ ೪ರ ಪಾಲು ಎಂಬ ಏರ್ಪಾಟನ್ನು ತಂದಿತು.

ಇಂತಹ ಕಂದಾಯವನ್ನು ಹೊತ್ತ ನಿಲಯವು ಯಾವ ಕಾರ್ಯಕ್ರಮವನ್ನು ಕೊಡಬಲ್ಲುದು? ಅತ್ಯಲ್ಪ ವೆಚ್ಚದಲ್ಲಿ ಅತ್ಯಧಿಕ ಜನರನ್ನು ಸೆಳೆಯುವುದನ್ನು ಮಾತ್ರ. ಅಂದರೆ ಚಲನಚಿತ್ರಗೀತೆ, ನಡುನಡುವೆ ನಿರೂಪಕನ ಹರಟೆ, ಜಾಹೀರಾತು. ಸುದ್ದಿಗಂತೂ ನಿಷೇಧವೇ ಇದ್ದಿತು. ೨೦೧೧ರ ನೀತಿಯಲ್ಲಿ ಆಕಾಶವಾಣಿಯ ವಾರ್ತೆಯನ್ನು ಅಕ್ಷರ ಬದಲಿಸದೆ ಮರುಪ್ರಸಾರ ಮಾಡಲು ಅನುಮತಿ ದೊರೆಯಿತು. ವಾಹನ ಸಂಚಾರ, ಹವೆ, ಪರೀಕ್ಷೆಯ ಫಲಿತಾಂಶ ಮುಂತಾದವು ಸುದ್ದಿಯಲ್ಲವೆಂದು ಎಣಿಸಲ್ಪಟ್ಟವು. ನಾಗರಿಕನಿಗೆ ರಸ್ತೆಯಲ್ಲಿ ವಾಹನಗಳು ನಿಂತಿವೆಯೆಂದು ತಿಳಿಸಬಹುದು; ಏಕೆ ನಿಂತಿವೆಯೆಂಬ ಚರ್ಚೆಗೆ ಹೋದರೆ ಎಲ್ಲೆ ಮೀರೀತೆಂಬ ಅಂಜಿಕೆ. ಹೀಗಿರುವಾಗ, ಎಫ್.ಎಂ. ನಿಲಯಗಳ ಧ್ವನಿ ಕೇಳುಗರ ಅಭಿರುಚಿಯ ಸಹಜ ಫಲವೆನ್ನುವುದು ಅರ್ಧಸತ್ಯ. ಕಂದಾಯದ ಪಟ್ಟಿಯೂ ನಿಷೇಧದ ಕಲಮೂ ಸೇರಿ ಆ ಧ್ವನಿಯನ್ನು ತಿದ್ದಿದವು.

ಭಾಷೆಯ ವಿಷಯದಲ್ಲಿಯೂ ಇದೇ ಎಚ್ಚರ ಅವಶ್ಯಕ. ಮೊದಲ ವರ್ಷಗಳಲ್ಲಿ ರೇಡಿಯೋ ಸಿಟಿಯಲ್ಲಿ ಹಿಂದಿ, ಇಂಗ್ಲಿಷ್ ಮತ್ತು ಕನ್ನಡಗಳು ಬೆರೆತು ಕೇಳಿಬರುತ್ತಿದ್ದುವು. ಜಾಹೀರಾತುದಾರನು ಅರಸುವ ಕೊಳ್ಳುಗನು ಕನ್ನಡವನ್ನಷ್ಟೇ ಕೇಳುವವನಲ್ಲವೆಂಬ ಊಹೆ ಈ ಬೆರಕೆಯ ಹಿಂದೆ ಇದ್ದಂತೆ ತೋರುತ್ತದೆ. ೨೦೦೬ರಲ್ಲಿ ನಗರಕ್ಕೆ ಇನ್ನೂ ಹಲವು ನಿಲಯಗಳು ಬಂದು ಸ್ಪರ್ಧೆ ಬೆಳೆದ ಮೇಲೆ ಕನ್ನಡ ಗೀತೆಗಳ ಪಾಲು ಹೆಚ್ಚಿತು. ಕನ್ನಡವನ್ನು ಕೇಳುವವರು ಅಂದು ಹೊಸದಾಗಿ ಹುಟ್ಟಿಬಂದರೆ? ಇಲ್ಲ, ಅವರು ಮೊದಲೂ ಇದ್ದರು. ಅವರನ್ನು ಎಣಿಕೆಗೆ ತೆಗೆದುಕೊಂಡದ್ದು ಮಾತ್ರ ತಡವಾಯಿತು. ಇದನ್ನು ಕನ್ನಡಕ್ಕೆ ಮಾರುಕಟ್ಟೆ ತೋರಿದ ಔದಾರ್ಯವೆಂದು ಬರೆದರೆ ಕಾರ್ಯಕಾರಣಗಳನ್ನು ತಲೆಕೆಳಗು ಮಾಡಿದಂತಾಗುತ್ತದೆ.

ಇಷ್ಟು ಹೇಳಿದ ಮಾತ್ರಕ್ಕೆ ಈ ನಿಲಯದ ಸಾಧನೆಯನ್ನು ನಾವು ಅಲ್ಲಗಳೆಯುವುದಿಲ್ಲ. ದೂರದರ್ಶನದ ಮುಂದೆ ಮೂಲೆ ಸೇರಿದ್ದ ರೇಡಿಯೋ ಮತ್ತೆ ಅಂಗಡಿಗೂ ಆಟೋರಿಕ್ಷಾಕ್ಕೂ ಮರಳಿತು. ವೇದಿಕೆಯ ಗಾಂಭೀರ್ಯವನ್ನು ಬಿಟ್ಟು ಬೀದಿಯ ಮಾತು ಬಾನುಲಿಯನ್ನೇರಿತು. ಆಕಾಶವಾಣಿಯೂ ತನ್ನ ಎಫ್.ಎಂ. ವಾಹಿನಿಗಳ ಮಾತಿನ ರೀತಿಯನ್ನು ಸಡಿಲಿಸಿಕೊಳ್ಳಬೇಕಾಯಿತು. ಇವು ಸಣ್ಣ ಸಂಗತಿಗಳಲ್ಲ.

ಆದರೆ ಈ ಸಂಗತಿಗಳಿಗೆ ಆಧಾರವೆಲ್ಲಿ? ಇತಿಹಾಸಕಾರನಿಗೆ ಇದೇ ದೊಡ್ಡ ತೊಡಕು. ಶಾಸನವು ಕಲ್ಲಿನಲ್ಲಿ ಉಳಿಯುತ್ತದೆ, ಕಡತವು ಕಚೇರಿಯಲ್ಲಿ ಉಳಿಯುತ್ತದೆ. ಬೆಳಗಿನ ಹರಟೆ ಸಂಜೆಗೆ ಗಾಳಿಯಲ್ಲಿ ಕರಗುತ್ತದೆ. ಹರಾಜಿನ ಲೆಕ್ಕ, ಒಡೆತನದ ಕೈಬದಲು, ವಾರ್ಷಿಕೋತ್ಸವದ ಪ್ರಕಟಣೆಗಳು ಮಾತ್ರ ಉಳಿದರೆ ಮುಂದಿನವರು ಕಂಪನಿಯ ಚರಿತ್ರೆಯನ್ನು ಬರೆಯಬಲ್ಲರೇ ಹೊರತು ಬಾನುಲಿಯ ಚರಿತ್ರೆಯನ್ನಲ್ಲ. ೨೦೦೧ರಲ್ಲಿ ಆ ನಿಲಯವನ್ನು ಕೇಳಿದವರು, ಅದರಲ್ಲಿ ಮಾತನಾಡಿದವರು ಇನ್ನೂ ನಮ್ಮ ನಡುವೆ ಇದ್ದಾರೆ. ನಮ್ಮ ವಿದ್ಯಾರ್ಥಿಗಳು ಅವರ ನೆನಪುಗಳನ್ನು ಬರೆದಿಟ್ಟುಕೊಂಡು, ಅಂದಿನ ಪತ್ರಿಕೆಗಳೊಡನೆ ಹೋಲಿಸಿ, ಯಾವ ಹೊತ್ತಿನಲ್ಲಿ ಯಾವ ಭಾಷೆ ಕೇಳಿಬರುತ್ತಿದ್ದಿತೆಂಬಷ್ಟನ್ನಾದರೂ ನಿರ್ಧರಿಸಿದರೆ ಅದು ಉಪಯುಕ್ತವಾದ ಸಂಶೋಧನೆಯಾದೀತು. ಅಲೆಗಳು ಸಾರ್ವಜನಿಕರ ಸ್ವತ್ತೆಂದು ನ್ಯಾಯಾಲಯವು ಹೇಳಿತಷ್ಟೆ. ಅವುಗಳ ಚರಿತ್ರೆಯೂ ಸಾರ್ವಜನಿಕರದೇ ಆಗಬೇಕಾದರೆ ಅದನ್ನು ಬರೆಯುವ ಹೊಣೆ ನಮ್ಮ ಮೇಲಿದೆ.